ಸುರಂಗದಲ್ಲಿ ಪಾಠ ಮಾಡಿದ್ದು

ವಿಮಾನ ನಿಲ್ದಾಣದಿಂದ

ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ನನ್ನನ್ನು ಹತ್ತಿಸಿಕೊಂಡ ಟ್ಯಾಕ್ಸಿಯವನು ಜಲಂಧರದ ಕಡೆಯ ಸರ್ದಾರ. ನನ್ನ ಪಗಡಿ ಕಂಡದ್ದೇ ತಡ, ಚೀಲವನ್ನು ಕೈಯಿಂದ ಕಸಿದು ಡಿಕ್ಕಿಗೆ ಹಾಕಿ ಪಂಜಾಬಿಯಲ್ಲಿ ಒಂದೇ ಸಮನೆ ಮಾತಿಗೆ ಶುರುಮಾಡಿದ. ನನ್ನ ಪಂಜಾಬಿ ಗುರುದ್ವಾರದ ಪ್ರಾರ್ಥನೆಗೆ ಸಾಕಾಗುವಷ್ಟು ಮಾತ್ರ. ಅದರಾಚೆ ಹೋದರೆ ಬಾಯಿಗೆ ದಖನಿ ಉರ್ದು ಬರುತ್ತದೆ, ಇನ್ನೂ ಆಚೆ ಹೋದರೆ ಕನ್ನಡ. ಎಲ್ಲಿಯವರೆಂದು ಕೇಳಿದ. ಬೀದರ್ ಎಂದೆ. ಅದು ಪಂಜಾಬಿನ ಯಾವ ಜಿಲ್ಲೆಯಲ್ಲಿದೆ ಎಂದ. ಪಂಜಾಬಿನಲ್ಲಿಲ್ಲ, ಕರ್ನಾಟಕದಲ್ಲಿದೆ, ಅದೇ ಒಂದು ಜಿಲ್ಲೆ ಎಂದೆ. ಅವನು ಕನ್ನಡಿಯಲ್ಲಿ ನನ್ನನ್ನು ಇನ್ನೊಮ್ಮೆ ನೋಡಿ ರೇಡಿಯೋ ಹಾಕಿದ. ವಿಮಾನ ನಿಲ್ದಾಣದಾಚೆ ಅಮೆರಿಕದಲ್ಲಿ ನನ್ನ ಮೇಲೆ ಮೊದಲು ಅನುಮಾನಪಟ್ಟವನು ಒಬ್ಬ ಸಿಖ್ಖನೇ ಎಂಬುದನ್ನು ಇಲ್ಲಿ ದಾಖಲಿಸಬೇಕು.

ನಮ್ಮದು ದಖನಿ ಸಿಖ್ಖರ ಮನೆತನ. ಮುತ್ತಜ್ಜನ ಮುತ್ತಜ್ಜ ಯಾರೋ ನಿಜಾಮರ ಫೌಜಿಗೆಂದು ಉತ್ತರದಿಂದ ಬಂದವನು ವಾಪಸ್ ಹೋಗುವುದನ್ನು ಮರೆತ. ನಾನು ಬೀದರಿನ ಸರ್ಕಾರಿ ಪದವಿ ಕಾಲೇಜಿನಲ್ಲಿ ಭೂಗೋಳ ಪಾಠ ಮಾಡುತ್ತೇನೆ, ಕನ್ನಡ ಮಾಧ್ಯಮದಲ್ಲಿ. ಹೆಸರು ಗುರ್ಜೀತ್ ಸಿಂಗ್. ಹುಡುಗರು ನನ್ನ ಬೆನ್ನ ಹಿಂದೆ ಏನು ಕರೆಯುತ್ತಾರೋ ನನಗೆ ಗೊತ್ತು. ಅದು ಪಗಡಿಯ ಮೇಲಿನ ಹೆಸರಲ್ಲ, ಭೂಪಟದ ಕೋಲಿನ ಮೇಲಿನದು.

ಹಾಗೆಂದು ಊರಿನಲ್ಲಿ ಯಾರೂ ಏನೂ ಅನ್ನುವುದಿಲ್ಲವೆಂದಲ್ಲ. ಬಸ್ ಸ್ಟ್ಯಾಂಡಿನಲ್ಲಿ ಮಧ್ಯಾಹ್ನ ಹನ್ನೆರಡು ಹೊಡೆದರೆ ಸರ್ದಾರರ ಹನ್ನೆರಡು ಗಂಟೆಯ ಜೋಕು ನೆನೆದು ಯಾರಾದರೊಬ್ಬ ನನ್ನ ಕಡೆ ನೋಡಿ ನಗುತ್ತಾನೆ. ಅವನ ಅಪ್ಪ ಯಾರು, ಅಂಗಡಿ ಎಲ್ಲಿ ಎಂಬುದು ನನಗೆ ಗೊತ್ತಿರುತ್ತದೆ. ಅದರಿಂದ ನಗೆ ಅಷ್ಟು ಚುಚ್ಚುವುದಿಲ್ಲ. ಅಮೆರಿಕದಲ್ಲಿ ವಿಮಾನ ಬದಲಿಸುವಾಗ ತಪಾಸಣೆಯವನು ಬಹಳ ಮರ್ಯಾದೆಯಿಂದ, ನನ್ನ ಪಗಡಿಯನ್ನು ನನ್ನ ಕೈಗಳಿಂದಲೇ ಒತ್ತಿ ನೋಡಿಕೊಳ್ಳಲು ಹೇಳಿ, ಆಮೇಲೆ ಆ ಕೈಗಳಿಗೆ ಒಂದು ಬಟ್ಟೆಯ ತುಂಡು ಸವರಿ ಯಂತ್ರದೊಳಗಿಟ್ಟ. ಯಂತ್ರ ನನ್ನನ್ನು ಒಪ್ಪಿಕೊಂಡಿತು. ಆ ತಪಾಸಣೆಯವನ ಅಪ್ಪ ಯಾರೆಂದು ನನಗೆ ಗೊತ್ತಿರಲಿಲ್ಲ.

ಮೌಂಟನ್ ವ್ಯೂ, ಲಾಸ್ ಆಲ್ಟೋಸ್

ನಾನು ಉಳಿದುಕೊಂಡದ್ದು ಶಿವರಾಜನ ಮನೆಯಲ್ಲಿ. ಬೀದರಿನಲ್ಲಿ ನಮ್ಮಿಬ್ಬರ ಮನೆಗೆ ಒಂದೇ ಗೋಡೆ. ಒಂದನೇ ಇಯತ್ತೆಯಿಂದ ಪಿಯುಸಿವರೆಗೆ ಒಂದೇ ಬೆಂಚು. ಅವನಿಗೆ ನಾನು ಜೀತ್ಯಾ, ನನಗೆ ಅವನು ಶಿವ್ಯಾ. ಈಗ ಅವನು ಮೌಂಟನ್ ವ್ಯೂನ ದೊಡ್ಡ ಕಂಪನಿಯೊಂದರಲ್ಲಿ ಮ್ಯಾನೇಜರು. ಹೆಂಡತಿ ವಿದ್ಯಾ ಉಡುಪಿಯವರು. ಮಗಳು ಅನ್ವಿ ನಾಲ್ಕನೇ ಕ್ಲಾಸು. ನಾವು ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಾಳೆ. ನಾನು ಮತ್ತು ಶಿವರಾಜ ಮಾತಿಗೆ ಕೂತರೆ ವಿದ್ಯಾ ತಲೆ ಅಲ್ಲಾಡಿಸುತ್ತಾರೆ. "ನಿಮ್ಮಿಬ್ರ ಕನ್ನಡಕ್ಕೆ ಸಬ್‌ಟೈಟಲ್ ಬೇಕು ಜೀತಣ್ಣ" ಎಂದು ಬಂದ ದಿನವೇ ಹೇಳಿದರು.

ಅವರ ಅಪಾರ್ಟ್‌ಮೆಂಟಿನ ಸುತ್ತ ಬೆಳಿಗ್ಗೆ ಸೈಕಲ್ಲುಗಳು ಹೋಗುತ್ತವೆ, ಕಂಪನಿಯ ಬಸ್ಸುಗಳು ಸದ್ದಿಲ್ಲದೆ ಬಂದು ಜನರನ್ನು ಎತ್ತಿಕೊಂಡು ಹೋಗುತ್ತವೆ. ಆಮೇಲೆ ಬೀದಿಯಲ್ಲಿ ನಾನೊಬ್ಬನೇ. ಬೀದರಿನಲ್ಲಿ ಖಾಲಿ ಬೀದಿಯೆಂದರೆ ಏನೋ ಆಗಿದೆ ಎಂದರ್ಥ. ಇಲ್ಲಿ ಏನೂ ಆಗಿಲ್ಲ ಎಂದರ್ಥ. ಎದುರಾದವರು ಪರಿಚಯವಿಲ್ಲದಿದ್ದರೂ ನಗುತ್ತಾರೆ; ಆ ನಗೆಗೆ ನಿಂತು ಮಾತಾಡಿಸಿದರೆ ಗಾಬರಿಯಾಗುತ್ತಾರೆ. ಇದನ್ನು ಕಲಿಯಲು ನನಗೆ ಸ್ವಲ್ಪ ಸಮಯ ಬೇಕಾಯಿತು.

ಇನ್ನೊಂದು ಕಲಿತದ್ದು ಲಾಸ್ ಆಲ್ಟೋಸಿನಲ್ಲಿ. ಮೌಂಟನ್ ವ್ಯೂ ಮುಗಿದು ಆ ಊರು ಶುರುವಾಗುವುದು ಮರಗಳಿಂದ ಗೊತ್ತಾಗುತ್ತದೆ. ಮನೆಗಳು ಕಾಣುವುದಿಲ್ಲ, ಬೇಲಿ ಮತ್ತು ನೆರಳು ಮಾತ್ರ. ಒಂದು ಬೇಲಿಯಾಚೆ ಕೆಂಪು ತೊಗಟೆ ಸುಲಿದುಕೊಂಡಂಥ ಮರವೊಂದನ್ನು ನೋಡುತ್ತ ನಿಂತಿದ್ದೆ. ನೀರಿನ ಪೈಪು ಹಿಡಿದ ಗಂಡಸೊಬ್ಬ ಬಂದು, "ಕ್ಯಾನ್ ಐ ಹೆಲ್ಪ್ ಯು?" ಎಂದ. ಎಂಥ ಸಜ್ಜನ ಎಂದುಕೊಂಡು, ಹೌದು, ಈ ಮರದ ಹೆಸರೇನು ಎಂದು ಕೇಳಿದೆ. ಅವನು ತಬ್ಬಿಬ್ಬಾದ. ಹೆಸರು ಹೇಳಿದ. ಇದು ಇಲ್ಲಿನದೇ ಮರವೋ ಹೊರಗಿಂದ ತಂದದ್ದೋ ಎಂದೆ. ಅದಕ್ಕೂ ಹೇಳಿದ. ನಾನು ಹೊರಟು ರಸ್ತೆಯ ತಿರುವು ದಾಟುವವರೆಗೆ ಪೈಪು ಹಿಡಿದು ನೋಡುತ್ತಲೇ ಇದ್ದ. ನೀರು ಅವನ ಬೂಟಿನ ಮೇಲೆ ಹರಿಯುತ್ತಿತ್ತು.

ಸಂಜೆ ಇದನ್ನು ಹೇಳಿದಾಗ ಶಿವರಾಜ ನಕ್ಕ. "ಲೇ ಹುಚ್ಚಾ, ಅದು ಸಹಾಯ ಮಾಡ್ಲೇನು ಅಂತಲ್ಲ. ಇಲ್ಲಿ ಯಾಕ ನಿಂತಿ, ನಡಿ ಅಂತ."

"ಹಂಗಿದ್ರ ಹಂಗೇ ಅನ್ಬೇಕಲ್ಲ?"

"ಹಂಗ ಅಂದ್ರ ಕೇಸ್ ಆಗ್ತದ" ಎಂದ.

ಸುರಂಗ

ನಾನು ಅಮೆರಿಕಕ್ಕೆ ಹೋದದ್ದಕ್ಕೆ ಸ್ನೇಹ ಒಂದು ಕಾರಣ, ಭೂಮಿ ಇನ್ನೊಂದು. ಇಪ್ಪತ್ತು ವರ್ಷಗಳಿಂದ ಕಪ್ಪುಹಲಗೆಯ ಮೇಲೆ ಕ್ಯಾಲಿಫೋರ್ನಿಯಾದ ಕರಾವಳಿ ಬರೆದು, ಅದರ ಮೇಲೆ ಸ್ತರಭಂಗಗಳನ್ನು ಗೀಚುತ್ತ ಬಂದಿದ್ದೇನೆ. ಸ್ತರಭಂಗವೆಂದರೆ ನೆಲದೊಳಗೆ ಎರಡು ದೊಡ್ಡ ಬಂಡೆಗಳು ಒಂದನ್ನೊಂದು ಉಜ್ಜಿಕೊಂಡು ಸರಿಯುವ ಬಿರುಕು. ಸರಿಯದೆ ಸಿಕ್ಕಿಕೊಂಡಿದ್ದು ಒಮ್ಮೆಲೇ ಬಿಟ್ಟರೆ ಭೂಕಂಪ. ಹೇವರ್ಡ್ ಎಂಬ ಬಿರುಕು ಕೊಲ್ಲಿಯ ಪೂರ್ವ ದಡದ ಊರುಗಳ ಅಡಿಯಲ್ಲೇ ಓಡುತ್ತದೆ. ಅಲ್ಲಿಂದ ವಾಲ್ನಟ್ ಕ್ರೀಕಿಗೆ ಹೋಗುವ ರೈಲು ಗುಡ್ಡ ಕೊರೆದ ಸುರಂಗದಲ್ಲಿ ಆ ಬಿರುಕನ್ನು ದಾಟುತ್ತದೆ. ಅದನ್ನು ದಾಟಬೇಕೆಂಬುದು ನನ್ನ ಬಹುದಿನದ ಆಸೆ. ಶಿವರಾಜ ಒಂದು ದಿನ ರಜೆ ಹಾಕಿದ.

ರಜೆಯೆಂದರೂ ಅವನಿಗೆ ಮೀಟಿಂಗು ಇತ್ತು. ರೈಲಿನಲ್ಲಿ ಜಾಗ ಒಟ್ಟಿಗೆ ಸಿಗಲಿಲ್ಲ. ಅವನು ಆಚೆ ಸಾಲಿನಲ್ಲಿ, ನನ್ನತ್ತ ಮುಖಮಾಡಿದ ಸೀಟಿನಲ್ಲಿ ಕಿವಿಗೆ ಇಯರ್‌ಫೋನು ಸಿಕ್ಕಿಸಿಕೊಂಡು ಕೂತ. ನನ್ನ ಪಕ್ಕದಲ್ಲಿ ಬಿಳಿಗೂದಲಿನ ಹೆಂಗಸೊಬ್ಬರು, ತೊಡೆಯ ಮೇಲೆ ಬಟ್ಟೆಚೀಲ, ಅದರಿಂದ ಹೊರಗೆ ಇಣುಕುವ ಸೊಪ್ಪು. ನನ್ನ ಪಗಡಿಯ ಬಣ್ಣ ಬಹಳ ಚೆನ್ನಾಗಿದೆ ಎಂದರು. ಧನ್ಯವಾದ ಎಂದೆ. ಎಲ್ಲಿಂದ ಬಂದಿರಿ, ಊರು ಹೇಗನಿಸಿತು ಎಂದು ಕೇಳಿದರು. ಅಷ್ಟು ದಿನದಲ್ಲಿ ನಗೆಯ ಆಚೆಗೆ ಮಾತು ಬೆಳೆಸಿದವರು ಅವರೊಬ್ಬರೇ. ನನಗೆ ಖುಷಿಯಾಯಿತು. ಖುಷಿಯಾದರೆ ನಾನು ಪಾಠ ಮಾಡುತ್ತೇನೆ.

ಜೇಬಿನಿಂದ ಕಾಲೇಜಿನ ಹಿತ್ತಾಳೆಯ ದಿಕ್ಸೂಚಿ ತೆಗೆದು ಅಂಗೈ ಮೇಲಿಟ್ಟುಕೊಂಡೆ. ರೈಲಿನ ವಿದ್ಯುತ್ತಿಗೆ ಮುಳ್ಳು ದಿಕ್ಕುಗೆಟ್ಟು ಕುಣಿಯುತ್ತಿತ್ತು. ಸುರಂಗದ ಬಾಯಿ ಬಂತು. ಇನ್ನೊಂದು ಕೈಯಲ್ಲಿ ಫೋನು ಹಿಡಿದು ಕಿಟಕಿಯಾಚೆಯ ಗೋಡೆಯ ಚಿತ್ರ ತೆಗೆಯುತ್ತ ಆ ತಾಯಿಗೆ ವಿವರಿಸಿದೆ. ನನ್ನ ಇಂಗ್ಲಿಷು ಓದಿ ಕಲಿತದ್ದು, ವಾಕ್ಯಗಳು ಗಿಡ್ಡ. ನಾನು ಹೇಳಿದ್ದು ಸರಿಸುಮಾರು ಹೀಗಿತ್ತು: ಈಗ ನಾವು ಅದರೊಳಗೆ ಹೋಗುತ್ತಿದ್ದೇವೆ. ಸಮಯ ಯಾವಾಗಲೋ ಆಗಿಹೋಗಿದೆ. ಯಾವ ಕ್ಷಣದಲ್ಲಾದರೂ ಒಡೆಯಬಹುದು. ಒಡೆದರೆ ಬಹಳ ದೊಡ್ಡದು. ಇಲ್ಲಿರುವವರೆಲ್ಲ ತಯಾರಾಗಿರಬೇಕು.

"ಓ ಮೈ" ಎಂದರು ಆಕೆ. ತಯಾರಾಗಿರುವುದು ಒಳ್ಳೆಯದೇ ಎಂದೂ ಅಂದರು. ಆಮೇಲೆ ನಸುನಕ್ಕು ತಮ್ಮ ಫೋನಿನಲ್ಲಿ ಏನೋ ಒತ್ತತೊಡಗಿದರು. ಮೊಮ್ಮಕ್ಕಳಿಗೆ ಬರೆಯುತ್ತಿದ್ದಾರೆ ಎಂದುಕೊಂಡೆ. ಇಲ್ಲಿನ ರೈಲಿನಲ್ಲಿ ಪೊಲೀಸರಿಗೆ ಸದ್ದಿಲ್ಲದೆ ಸುದ್ದಿ ಮುಟ್ಟಿಸುವ ಸೌಕರ್ಯ ಫೋನಿನಲ್ಲೇ ಇದೆಯೆಂದು ನನಗೆ ಆಗ ಗೊತ್ತಿರಲಿಲ್ಲ.

ಸುರಂಗ ದಾಟಿದ ಮೇಲಿನ ಸ್ಟೇಷನ್ನಿನಲ್ಲಿ ರೈಲು ನಿಂತಿತು, ಹೊರಡಲಿಲ್ಲ. ಪೊಲೀಸರ ಕೆಲಸದ ಸಲುವಾಗಿ ತಡವಾಗುತ್ತದೆ ಎಂದು ಧ್ವನಿವರ್ಧಕ ಹೇಳಿತು. ಜನ ನಿಟ್ಟುಸಿರು ಬಿಟ್ಟರು; ನಾನೂ ಬಿಟ್ಟೆ. ಯಾರು ಏನು ಮಾಡಿದರೋ ಎಂದು ಕತ್ತು ಚಾಚಿ ಪ್ಲಾಟ್‌ಫಾರ್ಮು ನೋಡಿದೆ. ಇಬ್ಬರು ಪೊಲೀಸರು ನಮ್ಮ ಡಬ್ಬಿಗೇ ಹತ್ತಿದರು, ಒಬ್ಬ ಎತ್ತರದ ತರುಣ, ಒಬ್ಬಳು ನಡುವಯಸ್ಸಿನ ಹೆಂಗಸು. ಸೀದಾ ನನ್ನ ಮುಂದೆ ಬಂದು ನಿಂತರು. ಆ ತಾಯಿ ಅಷ್ಟರಲ್ಲಿ ಎದ್ದು ಬಾಗಿಲ ಹತ್ತಿರ ಹೋಗಿದ್ದರು. ಸೊಪ್ಪಿನ ಚೀಲವನ್ನು ಎದೆಗವಚಿಕೊಂಡಿದ್ದರು. ಮುಖದಲ್ಲಿ ದ್ವೇಷವಿರಲಿಲ್ಲ, ಭಯವಿತ್ತು. ಅದು ನನಗೆ ಹೆಚ್ಚು ಕಷ್ಟವಾಯಿತು.

"ಸರ್, ಕೈಯಲ್ಲಿರುವುದನ್ನು ನಿಧಾನವಾಗಿ ಸೀಟಿನ ಮೇಲೆ ಇಡಿ" ಎಂದಳು ಹೆಂಗಸು.

ಇಟ್ಟೆ. ಮುಳ್ಳು ಈಗ ಸರಿಯಾಗಿ ಉತ್ತರ ತೋರಿಸುತ್ತಿತ್ತು.

"ಒಬ್ಬರೇ ಪ್ರಯಾಣ ಮಾಡುತ್ತಿದ್ದೀರಾ?"

ನಾನು ಶಿವರಾಜನ ಕಡೆ ನೋಡಿದೆ. ಅವನು ಒಂದು ಕಿವಿಯಿಂದ ಸಿಕ್ಕಿಸಿದ್ದನ್ನು ತೆಗೆದು ಬೆರಳಲ್ಲಿ ಹಿಡಿದಿದ್ದ. ನಮ್ಮ ಕಣ್ಣು ಕೂಡಿದವು. ಅವನ ಬಾಯಿ ತುಸು ತೆರೆಯಿತು. ಆಮೇಲೆ ಅವನು ತಲೆ ತಗ್ಗಿಸಿ ಫೋನು ನೋಡತೊಡಗಿದ.

"ಒಬ್ಬನೇ" ಎಂದೆ.

ಪ್ಲಾಟ್‌ಫಾರ್ಮು

ನನ್ನನ್ನು ಇಳಿಸಿಕೊಂಡ ಮೇಲೆ ರೈಲು ಹೊರಟಿತು. ಕಿಟಕಿಗಳಲ್ಲಿ ಮುಖಗಳು ಸಾಲಾಗಿ ಹಾದುಹೋದವು. ಅವುಗಳಲ್ಲಿ ಅವನ ಮುಖ ಹುಡುಕಬಾರದೆಂದುಕೊಂಡೆ.

ಬೆಂಚಿನ ಮೇಲೆ ಕೂರಿಸಿದರು. ಚೀಲ ನೋಡಿದರು: ನೀರಿನ ಬಾಟಲಿ, ವಿದ್ಯಾ ಕಟ್ಟಿಕೊಟ್ಟ ಚಪಾತಿ, ಪಾಸ್‌ಪೋರ್ಟು. ಚಾಕು, ಕತ್ತಿ ಏನಾದರೂ ಇದೆಯೇ ಎಂದು ಕೇಳಿದರು. ಇಲ್ಲವೆಂದೆ. ನಾನು ಅಮೃತ ಸ್ವೀಕರಿಸಿ ದೀಕ್ಷೆ ಪಡೆದವನಲ್ಲ, ಕೃಪಾಣ ಧರಿಸುವುದಿಲ್ಲ. ನಮ್ಮಣ್ಣ ಧರಿಸುತ್ತಾನೆ, ಮಲಗುವಾಗಲೂ ತೆಗೆಯುವುದಿಲ್ಲ. ನನ್ನ ಬದಲು ಅವನು ಬಂದಿದ್ದರೆ ಆ ಬೆಂಚಿನ ಮೇಲೆ ಏನು ನಡೆಯುತ್ತಿತ್ತು ಎಂಬ ಯೋಚನೆ ಈಗಲೂ ಒಮ್ಮೊಮ್ಮೆ ಬರುತ್ತದೆ.

ತರುಣ ಪಾಸ್‌ಪೋರ್ಟು ಹಿಡಿದು ದೂರ ಹೋಗಿ ಯಾರೊಂದಿಗೋ ಮಾತಾಡಿದ. ಹೆಂಗಸು ನನ್ನೆದುರು ನಿಂತು, ಆ ಮಹಿಳೆಗೆ ನೀವು ನಿಖರವಾಗಿ ಏನು ಹೇಳಿದಿರಿ ಎಂದಳು. ಒಂದೊಂದೇ ವಾಕ್ಯ ನೆನಪಿಸಿಕೊಂಡು ಹೇಳಿದೆ. ಹೇಳುತ್ತ ಹೋದಂತೆ, ಅದು ಆ ತಾಯಿಯ ಕಿವಿಗೆ ಹೇಗೆ ಬಿದ್ದಿರಬಹುದೆಂದು ನನಗೇ ಕೇಳಿಸತೊಡಗಿತು. ಪೊಲೀಸು ಹೆಂಗಸು ಕೆಳತುಟಿ ಕಚ್ಚಿ ಹಳಿಗಳ ಕಡೆ ನೋಡಿದಳು. ನಗು ತಡೆಯುತ್ತಿದ್ದಳು.

"ನೀವು ಭೂಗೋಳದ ಮೇಷ್ಟ್ರು?"

"ಹೌದು."

"ಅದು ನಿಜವಾಗಿಯೂ ಒಡೆಯುತ್ತದೆಯೇ?"

"ಒಡೆಯುತ್ತದೆ. ಯಾವಾಗ ಎಂದು ಯಾರೂ ಹೇಳಲಾರರು."

ಅವಳ ಮನೆ ಆ ಬಿರುಕಿಗೆ ಹೆಸರು ಕೊಟ್ಟ ಹೇವರ್ಡ್ ಊರಿನಲ್ಲೇ ಇತ್ತು. ಗ್ಯಾರೇಜಿನ ನೆಲದಲ್ಲಿ ಬಿರುಕು ಬಿಟ್ಟಿದೆ, ತುಂಬಿಸಿದರೆ ಮತ್ತೆ ಬಿಡುತ್ತದೆ ಎಂದು ಫೋನಿನಲ್ಲಿ ಚಿತ್ರ ತೋರಿಸಿದಳು. ನೋಡಿದೆ. ಅದು ಸ್ತರಭಂಗದ ಕೆಲಸವೋ ಗುತ್ತಿಗೆದಾರನ ಕೆಲಸವೋ ಚಿತ್ರದಿಂದ ಹೇಳಲಾಗುವುದಿಲ್ಲವೆಂದೆ. ಬೀದರಿನಲ್ಲಾದರೆ ಅನುಮಾನವೇ ಇಲ್ಲ, ಗುತ್ತಿಗೆದಾರನದೇ ಎಂದೆ. ಈಗ ಅವಳು ನಕ್ಕಳು. ತರುಣ ಬಂದು ಪಾಸ್‌ಪೋರ್ಟು ಕೊಟ್ಟ. ತೊಂದರೆಯಾಯಿತು, ಕ್ಷಮಿಸಿ, ನೀವು ಹೋಗಬಹುದು ಎಂದರು.

ನಾನು ಅವಳನ್ನು ಒಂದು ಮಾತು ಕೇಳಿದೆ. ಪಗಡಿ ಇಲ್ಲದವನೊಬ್ಬ ಇದೇ ಮಾತನ್ನು ಹೇಳಿದ್ದರೆ?

"ಜನ ಬೇರೆ ಸೀಟಿಗೆ ಹೋಗಿ ಕೂರುತ್ತಿದ್ದರು" ಎಂದಳು. ಸುಳ್ಳು ಹೇಳಲಿಲ್ಲ. ಅದಕ್ಕಾಗಿ ಅವಳ ಬಗ್ಗೆ ನನಗೆ ಗೌರವವಿದೆ.

ವಾಲ್ನಟ್ ಕ್ರೀಕ್

ಶಿವರಾಜ ಮುಂದಿನ ಸ್ಟೇಷನ್ನಿನಲ್ಲಿ ಇಳಿದು ವಾಪಸ್ ರೈಲು ಹಿಡಿದು ಬಂದ. ಪೊಲೀಸರು ಅಷ್ಟರಲ್ಲಿ ಹೋಗಿದ್ದರು.

"ಏನಂದ್ರಲೇ ಜೀತ್ಯಾ?"

"ಬಿಟ್ರು."

"ನಾ ಇಳದು ಓಡಿ ಬಂದೆ ನೋಡು."

ರೈಲಿನಲ್ಲಿ ಯಾರೂ ಓಡಿ ಬರಲಾರರು ಎಂದು ನನಗನ್ನಿಸಿತು. ಅವನ ಗ್ರೀನ್ ಕಾರ್ಡಿನ ಅರ್ಜಿ ವರ್ಷಗಳಿಂದ ಸರದಿಯಲ್ಲಿದೆ. ಪೊಲೀಸರ ಕಡತದಲ್ಲಿ ಹೆಸರು ಬರುವುದೆಂದರೆ ಅಂಥವರಿಗೆ ಎಷ್ಟು ಅಂಜಿಕೆಯೆಂದು ಬಂದ ವಾರದಲ್ಲೇ ತಿಳಿದುಕೊಂಡಿದ್ದೆ. ತಿಳುವಳಿಕೆ ಇದ್ದರೆ ನೋವು ಕಡಿಮೆಯಾಗುತ್ತದೆ ಎನ್ನುತ್ತಾರೆ. ಆಗಲಿಲ್ಲ.

ಹೊರಟಿದ್ದೆವೆಂದು ವಾಲ್ನಟ್ ಕ್ರೀಕಿಗೆ ಹೋದೆವು. ಅಂಗಡಿಗಳ ಊರು. ಬಿಸಿಲು ಇತ್ತು, ಗುಡ್ಡದ ಆಚೆ ಕೊಲ್ಲಿಯ ಕಡೆ ಮಂಜು, ಈಚೆ ನಮ್ಮೂರಿನಂಥ ಒಣ ಬಿಸಿಲು. ನಾಯಿಗಳು ಹೋಟೆಲಿನ ಮುಂದೆ ಯಜಮಾನರ ಜೊತೆ ಕೂತು ಬಟ್ಟಲಿನಲ್ಲಿ ನೀರು ಕುಡಿಯುತ್ತಿದ್ದವು. ದೂರದಲ್ಲಿ ಡಯಾಬ್ಲೋ ಬೆಟ್ಟ, ಹೆಸರಿನ ಅರ್ಥ ದೆವ್ವ, ನೋಡಲು ಸಾಧು. ನಾನು ಚಿತ್ರ ತೆಗೆಯಲಿಲ್ಲ. ಎರಡೂ ಕೈಗಳನ್ನು ಜೇಬಿನಿಂದ ಹೊರಗೆ, ಎಲ್ಲರಿಗೂ ಕಾಣುವ ಹಾಗೆ ಇಟ್ಟುಕೊಂಡು ನಡೆಯುತ್ತಿದ್ದೇನೆಂದು ನನಗೆ ತಡವಾಗಿ ಗೊತ್ತಾಯಿತು. ಶಿವರಾಜ ಮತ್ತೆ ಮತ್ತೆ, ಹಸಿವಾಗಿದೆಯಾ, ಬಿಸಿಲು ಹೆಚ್ಚಾಯಿತಾ, ಕೂರೋಣವಾ ಎಂದು ಕೇಳಿದ. ಇದಕ್ಕೂ ಮೊದಲು ನನ್ನ ಹಸಿವಿನ ಬಗ್ಗೆ ಅವನು ಇಷ್ಟು ವಿಚಾರಿಸಿದ್ದಿಲ್ಲ. ನನ್ನ ಊಟದ ಡಬ್ಬಿಯಿಂದ ಕೇಳದೆ ತಿಂದು ಬೆಳೆದವನು ಅವನು.

ಸಂಜೆ ವಿದ್ಯಾ ಎಲ್ಲ ಕೇಳಿ ಗಲ್ಲಕ್ಕೆ ಕೈಯಿಟ್ಟುಕೊಂಡರು. "ಅಯ್ಯೋ ದೇವರೇ! ನೀವು ಎಲ್ಲಿದ್ರಿ ಆಗ?" ಎಂದು ಗಂಡನನ್ನು ಕೇಳಿದರು.

"ರಶ್ ಇತ್ತು. ನಾನು ಬೇರೆ ಡಬ್ಬೀಲಿದ್ದೆ" ಎಂದ. ಅವರೊಂದಿಗೆ ಅವನು ಬೆಂಗಳೂರಿನ ಕನ್ನಡ ಆಡುತ್ತಾನೆ.

ಅನ್ವಿ ಓಡಿ ಬಂದು, "ಜೀತ್ ಅಂಕಲ್, ಡಿಡ್ ದೇ ಹ್ಯಾಂಡ್‌ಕಫ್ ಯು?" ಎಂದಳು.

"ಇಲ್ಲವ್ವಾ."

"ಓಕೆ" ಎಂದಳು. ಸ್ವಲ್ಪ ನಿರಾಸೆಯಾದಂತಿತ್ತು.

ಶನಿವಾರದ ಊಟ

ಆ ಶನಿವಾರ ಶಿವರಾಜನ ಮನೆಯಲ್ಲಿ ಕನ್ನಡದ ನಾಲ್ಕಾರು ಸಂಸಾರಗಳ ಊಟ. ಒಬ್ಬೊಬ್ಬರೂ ಒಂದೊಂದು ಅಡುಗೆ ತರುವುದು ಇಲ್ಲಿನ ಪದ್ಧತಿ. ಕರಾವಳಿಯ ನೀರುದೋಸೆಯ ಪಕ್ಕದಲ್ಲಿ ನಮ್ಮ ಕಡೆಯ ಶೇಂಗಾ ಹಿಂಡಿ ಬಂದು ಕೂತಿತ್ತು. ಕರ್ನಾಟಕದಲ್ಲಿ ಅವೆರಡು ಒಂದೇ ತಟ್ಟೆಯಲ್ಲಿ ಸಿಗುವುದು ಅಪರೂಪ. ನಾನು ಬಾಯಿ ತೆರೆದು ಕನ್ನಡ ಆಡಿದಾಗಲೆಲ್ಲ ಯಾರಾದರೊಬ್ಬರು, "ಎಷ್ಟು ಚೆನ್ನಾಗಿ ಮಾತಾಡ್ತೀರಾ! ಎಲ್ಲಿ ಕಲಿತ್ರಿ?" ಎನ್ನುತ್ತಿದ್ದರು. ನಮ್ಮವ್ವನ ಹತ್ತಿರ ಎನ್ನುತ್ತಿದ್ದೆ. ಅವರು ತಮಾಷೆಯೆಂದು ನಗುತ್ತಿದ್ದರು.

ರೈಲಿನ ಸುದ್ದಿ ಅಷ್ಟರಲ್ಲಿ ಎಲ್ಲರಿಗೂ ಮುಟ್ಟಿತ್ತು. ಮಂಗಳೂರಿನ ಶೆಣೈ ಎಂಬ ಹಿರಿಯರು, ಬಹಳ ಒಳ್ಳೆಯ ಮನುಷ್ಯರು, ನನ್ನ ಪಕ್ಕಕ್ಕೆ ಕುರ್ಚಿ ಎಳೆದುಕೊಂಡರು. "ನಾನೊಂದು ಹೇಳ್ತೇನೆ, ಬೇಜಾರು ಮಾಡ್ಕೋಬೇಡಿ ಮಾರಾಯ್ರೆ. ಇರುವ ನಾಲ್ಕು ದಿನ ಒಂದು ಕ್ಯಾಪು ಹಾಕಿದ್ರೆ ಎಂತ ಆಗ್ತದೆ? ಬೇಸ್‌ಬಾಲ್ ಕ್ಯಾಪು. ಯಾರಿಗೂ ಗೊತ್ತೇ ಆಗುದಿಲ್ಲ."

"ನನಗೆ ಗೊತ್ತಾಗುತ್ತದಲ್ಲ" ಎಂದೆ.

"ಅದು ಸರಿ, ಅದು ಸರಿ" ಎಂದು ಅವರು ನೀರು ಕುಡಿದರು.

ಕಿರಿಯನೊಬ್ಬ ಆಚೆಯಿಂದ, "ಆಕ್ಚುಲಿ ಸರ್, ಇವ್ರಿಗೆ ಡಿಫರೆನ್ಸೇ ಗೊತ್ತಾಗಲ್ಲ. ನಮ್ಮನ್ನೂ ನಿಮ್ಮವ್ರ ಜೊತೆ ಸೇರಿಸ್ಬಿಡ್ತಾರೆ, ಅದೇ ಪ್ರಾಬ್ಲಮ್ಮು" ಎಂದ. ನಮ್ಮನ್ನು ಎಂದಾಗ ಅವನ ಕೈ ಇಡೀ ಕೋಣೆಯನ್ನು ಸುತ್ತಿ ಬಂತು, ನನ್ನ ಕುರ್ಚಿಯ ಹತ್ತಿರ ಮಾತ್ರ ನಿಂತಿತು. ಪಾಪ, ಅವನಿಗೆ ತಿಳಿದಿರಲಿಕ್ಕಿಲ್ಲ.

ಶೆಣೈಯವರು ಮಾತು ತಿರುಗಿಸಲೆಂದು ಶಿವರಾಜನ ಬೆನ್ನು ತಟ್ಟಿದರು. "ಇವ್ರು ಅದೇ ಡಬ್ಬಿಯಲ್ಲಿ ಇದ್ದಿದ್ರೆ ಕಥೆಯೇ ಬೇರೆ. ಇವ್ರು ಬಿಡುವ ಜನವಾ? ಪೊಲೀಸರಿಗೇ ನಾಲ್ಕು ಕೇಳ್ತಿದ್ರು."

ಶಿವರಾಜ ಬಡಿಸುವ ಚಮಚ ಹಿಡಿದು ನಿಂತಿದ್ದ. "ಇದ್ದೆ" ಎಂದ.

"ಎಂತ?"

"ಅದೇ ಡಬ್ಬಿಯೊಳಗ ಇದ್ದೆ. ಎದುರಿಗೇ ಕುಂತಿದ್ದೆ. ಪೊಲೀಸರು ಜೀತ್ಯಾಗ ಒಬ್ಬನೇ ಇದ್ದೀಯೇನು ಅಂತ ಕೇಳಿದ್ರು. ನಾ ಸುಮ್ಮ ಕುಂತೆ."

ಎಲ್ಲರೆದುರು ಅವನು ಬೀದರಿನ ಕನ್ನಡ ಆಡಿದ್ದನ್ನು ಆ ಮನೆಯಲ್ಲಿ ಅಂದೇ ಮೊದಲು ಕೇಳಿದೆ. ವಿದ್ಯಾ ಅಡುಗೆಕಟ್ಟೆಯಿಂದ ತಿರುಗಿದರು. "ಬೇರೆ ಡಬ್ಬಿ ಅಂದ್ರಲ್ಲ ನನ್ಹತ್ರ?"

"ಸುಳ್ಳು ಹೇಳಿದೆ."

ಆಮೇಲೆ ಎಲ್ಲರೂ ಒಟ್ಟಿಗೆ ಮಾತಾಡಿದರು. ಗ್ರೀನ್ ಕಾರ್ಡು ಪ್ರೋಸೆಸ್ಸಿನಲ್ಲಿರುವಾಗ ಯಾರಿದ್ದರೂ ಹಾಗೆಯೇ ಮಾಡುತ್ತಿದ್ದರು, ಫ್ಯಾಮಿಲಿ ನೋಡಬೇಕಲ್ಲ, ಏನೂ ಆಗಲಿಲ್ಲವಲ್ಲ ಸದ್ಯ. ಅವನನ್ನು ಅಷ್ಟು ಬೇಗ, ಅಷ್ಟು ಧಾರಾಳವಾಗಿ ಕ್ಷಮಿಸಿಬಿಟ್ಟರು. ಕ್ಷಮಿಸುವ ಕೆಲಸ ಯಾರದೆಂದು ಯಾರಿಗೂ ಹೊಳೆಯಲಿಲ್ಲ. ನಾನು ತಟ್ಟೆಯಲ್ಲಿದ್ದ ದೋಸೆ ಮುಗಿಸಿದೆ. ಅದು ತಣ್ಣಗಾಗಿತ್ತು.

ಭಾನುವಾರ

ಬೆಳಿಗ್ಗೆ ಅವನೇ ನನ್ನನ್ನು ಎಬ್ಬಿಸಿ ವಾಕಿಂಗಿಗೆ ಕರೆದ. ಕೊಲ್ಲಿಯ ಅಂಚಿನ ಕಾಲುದಾರಿ. ಒಂದು ಕಡೆ ಜವುಗು, ಇನ್ನೊಂದು ಕಡೆ ಕಂಪನಿಗಳ ಗಾಜಿನ ಕಟ್ಟಡಗಳು.

"ನೀ ನನ್ನ ನೋಡಿದ್ಯಲ್ಲ?" ಎಂದ.

"ನೋಡಿದೆ."

"ಮತ್ಯಾಕ ಒಬ್ಬನೇ ಅಂದಿ?"

"ನೀ ಏಳಾಂಗ ಕಾಣ್ಲಿಲ್ಲ. ಹೆಸರ ಹೇಳಿ ಎಬ್ಬಿಸಿದ್ರ ಭೇಷ ಅನಸ್ತಿರಲಿಲ್ಲ."

ಅವನು ನಿಂತ. "ಸಿಟ್ಟು ಬಂದಿಲ್ಲೇನು ನಿನಗ?"

"ಬಂದದ."

ಇದನ್ನು ಹೇಳಿದ ಮೇಲೆಯೇ ಅದು ಎಷ್ಟಿದೆಯೆಂದು ನನಗೆ ಗೊತ್ತಾಗಿದ್ದು. ಆ ತಾಯಿಯ ಮೇಲೆ ಬಾರದ ಸಿಟ್ಟು, ಪೊಲೀಸರ ಮೇಲೆ ಬಾರದ ಸಿಟ್ಟು, ಎಲ್ಲ ಕೂಡಿ ಇವನ ಮೇಲೆ ಬಂದಿತ್ತು.

ಅವನು ಜವುಗಿನ ಕಡೆ ನೋಡುತ್ತ ಹೇಳಿದ. "ನಾವು ಸಣ್ಣವರಿದ್ದಾಗ ಗಲಾಟಿ ಆಗಿತ್ತಲ್ಲ ಊರಾಗ, ನಿಮ್ಮ ಜನರ ಮ್ಯಾಲ. ನಮ್ಮಪ್ಪ ಬಂದು ನಿಮ್ಮ ಮನಿ ಕಟ್ಟಿ ಮ್ಯಾಲ ಕುಂತಿದ್ದ. ಇಡೀ ದಿನ. ನೆನಪದ?"

ನೆನಪಿತ್ತು. ನಮ್ಮ ಮನೆಯ ಬಾಗಿಲು ಒಳಗಿಂದ ಹಾಕಿತ್ತು. ಬಾಗಿಲ ಸಂದಿಯಿಂದ ಅವರ ಬೆನ್ನು ಕಾಣುತ್ತಿತ್ತು, ಬಿಳಿ ಅಂಗಿ, ಬೆವರಿಗೆ ಅಂಟಿಕೊಂಡಿದ್ದು. ಬೀದಿಯಲ್ಲಿ ಯಾರೋ ಗುಂಪು ಕಟ್ಟಿ ಬಂದು ನಿಂತು, ಅವರನ್ನು ನೋಡಿ, ಏನೋ ಮಾತಾಡಿಕೊಂಡು ಮುಂದೆ ಹೋದರು.

"ಅಂಥವನ ಮಗ ನಾ" ಎಂದ ಶಿವರಾಜ. "ನಮ್ಮಪ್ಪಗ ಅಂಜಿಕಿ ಅಂಬೋದೇ ಇರಲಿಲ್ಲ."

"ಇತ್ತು" ಎಂದೆ. "ನಮ್ಮವ್ವ ಕಿಡಕ್ಯಾಗಿಂದ ಚಾ ಕೊಟ್ಟಳು. ನಿಮ್ಮಪ್ಪನ ಕೈ ಹೆಂಗ ನಡಗ್ಲತ್ತಿತ್ತಂದ್ರ, ಚಾ ಎಲ್ಲಾ ಬಸಿಯೊಳಗ ಚೆಲ್ಲಿತ್ತು. ನಾ ನೋಡೀನಿ."

ಅವನು ನನ್ನ ಮುಖವನ್ನೇ ನೋಡಿದ. ತನ್ನ ಅಪ್ಪನ ಈ ಸುದ್ದಿ ಅವನಿಗೆ ಹೊಸ ಸುದ್ದಿ. ನಾನು ಅವನಿಗೆ ಸಮಾಧಾನ ಹೇಳಲು ಅದನ್ನು ಹೇಳಲಿಲ್ಲ. ನಡೆದದ್ದು ಹಾಗಿತ್ತು, ಹೇಳಿದೆ. ಆದರೆ ಅದು ಅವನಿಗೆ ಸಮಾಧಾನವಾಗಲಿಲ್ಲ, ಇನ್ನೂ ಭಾರವಾಯಿತೆಂದು ಕಾಣುತ್ತದೆ. ಅಂಜಿಕೆಯೇ ಇಲ್ಲದ ಅಪ್ಪನಿಗೆ ಸರಿಗಟ್ಟದಿದ್ದರೆ ಯಾರೂ ತಪ್ಪೆನ್ನುವುದಿಲ್ಲ. ಅಂಜಿಕೊಂಡೇ ಕೂತ ಅಪ್ಪನ ವಿಷಯ ಬೇರೆ.

ವಾಪಸ್ ಬರುವಾಗ, "ನಾಳೆ ನನ್ನ ಸಂಗಾಟ ಒಂದ್ಕಡೆ ಬಾ" ಎಂದ.

ಪೊಲೀಸ್ ಕಚೇರಿ

ರೈಲು ಪೊಲೀಸರ ಕಚೇರಿಯಲ್ಲಿ ಗಾಜಿನ ಹಿಂದೆ ಒಬ್ಬ ಸಿಬ್ಬಂದಿ ಕೂತಿದ್ದ. ಶಿವರಾಜ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬಂದಿದ್ದ. ತನ್ನ ಹೆಸರು, ವಿಳಾಸ, ಕೆಲಸ ಎಲ್ಲ ತಾನಾಗಿಯೇ ಹೇಳಿದ. ಯಾವ ರೈಲು, ಯಾವ ದಿನ ಎಂದು ಹೇಳಿದ. ಆಮೇಲೆ, ಇವರು ಒಬ್ಬರೇ ಇರಲಿಲ್ಲ, ನಾನು ಇವರ ಜೊತೆಗಿದ್ದೆ, ನಾನು ಹೇಳಬೇಕಿತ್ತು, ಹೇಳಲಿಲ್ಲ ಎಂದ. ಇವರು ಮಾಡಿದ್ದು ಪಾಠ, ಬೆದರಿಕೆಯಲ್ಲ, ನಾನು ಎಲ್ಲವನ್ನೂ ಕೇಳಿಸಿಕೊಂಡಿದ್ದೇನೆ ಎಂದೂ ಸೇರಿಸಿದ. ಮೀಟಿಂಗಿನ ನಡುವೆ ಅವನಿಗೆ ಅದೆಲ್ಲ ಕೇಳಿಸಿತ್ತೆಂದು ನನಗೆ ಆಗಲೇ ಗೊತ್ತಾದದ್ದು.

ಸಿಬ್ಬಂದಿ ಕಂಪ್ಯೂಟರು ನೋಡಿದ. ಆ ವಿಷಯ ಅಂದೇ ಮುಗಿದಿದೆ, ಯಾರ ಮೇಲೂ ಏನೂ ಇಲ್ಲ ಎಂದ. ನಿಮಗೆ ಏನಾಗಬೇಕು?

"ಏನೂ ಆಗಬೇಕಿಲ್ಲ" ಎಂದ ಶಿವರಾಜ. "ನನ್ನ ಹೆಸರು ಸೇರಿಸಿಕೊಳ್ಳಿ."

ಸಿಬ್ಬಂದಿ ಒಮ್ಮೆ ಅವನನ್ನೂ ಒಮ್ಮೆ ನನ್ನನ್ನೂ ನೋಡಿದ. ಹಾಗೆ ಕೇಳಿಕೊಂಡು ಬಂದವರನ್ನು ಅವನು ಕಂಡಿರಲಿಕ್ಕಿಲ್ಲ. ಭುಜ ಕುಣಿಸಿ, ಹೆಸರಿನ ಅಕ್ಷರಗಳನ್ನು ಒಂದೊಂದಾಗಿ ಕೇಳಿ ಟೈಪು ಮಾಡಿಕೊಂಡ.

ಹೊರಗೆ ಬಂದಾಗ ಗಾಳಿ ಜೋರಾಗಿತ್ತು. ಜುಲೈ ತಿಂಗಳಲ್ಲಿ ಜನ ಸ್ವೆಟರು ಹಾಕಿಕೊಂಡು ಓಡಾಡುತ್ತಿದ್ದರು. ಶಿವರಾಜ ಕಚೇರಿಯ ಮೆಟ್ಟಿಲ ಮೇಲೆ ಕೂತು ಉಸಿರು ಬಿಟ್ಟ.

"ಹಗುರ ಆಗ್ತದ ಅಂದ್ಕೊಂಡಿದ್ದೆ. ಆಗ್ಲಿಲ್ಲ ನೋಡು" ಎಂದ.

"ನನಗೂ ಆಗಿಲ್ಲ" ಎಂದೆ. "ಆದ್ರ ಬಂದಿದ್ದು ಛಲೋ ಆತು."

ಅವನು ತಲೆಯಾಡಿಸಿದ. ಆಫೀಸಿಗೆ ಫೋನು ಮಾಡಿ ಇಂದು ಬರುವುದಿಲ್ಲವೆಂದ. ಇಬ್ಬರೂ ಊಟದ ಜಾಗ ಹುಡುಕಿಕೊಂಡು ಇಳಿಜಾರು ಬೀದಿಯಲ್ಲಿ ನಡೆದೆವು. ಒಂದಷ್ಟು ದೂರ ಹೋದ ಮೇಲೆ ಅವನು ಥಟ್ಟನೆ ನಿಂತು ನನ್ನ ಕಡೆ ತಿರುಗಿದ.

"ಅಲ್ಲಲೇ ಹುಚ್ಚಪ್ಯಾಲಿ, ಸುರಂಗದಾಗ ಕುಂತು, ಪರದೇಶದ ಮುದುಕಿಗೆ, ಈಗ ಒಡೀತದ, ಭಾಳ ದೊಡ್ಡದಾಗ್ತದ ಅಂತ ಯಾರರೇ ಹೇಳ್ತಾರೇನಲೇ?"

"ಖರೇ ಅದ ಅದು."

"ಖರೇ ಇದ್ರ? ಮನ್ಯಾಗ ಕುಂತು ಹೇಳು! ಕಾಲೇಜಿನ್ಯಾಗ ಹೇಳು! ಆ ಹಿತ್ತಾಳಿ ಡಬ್ಬಿ ಬ್ಯಾರೆ ತೆಗದು ತೋರಿಸ್ತಾನ, ಶಾಣ್ಯಾ!"

ಅವನು ಕೈ ಎತ್ತಿ ಬಯ್ಯುತ್ತಿದ್ದ, ನಮ್ಮ ಓಣಿಯಲ್ಲಿ ಬಯ್ಯುವಷ್ಟು ಗಟ್ಟಿಯಾಗಿ. ಎದುರಿನಿಂದ ಬರುತ್ತಿದ್ದವರು ಕಾಲುದಾರಿ ಬಿಟ್ಟು ಆಚೆ ಬದಿಗೆ ದಾಟಿದರು. ಹೋಟೆಲಿನ ಕಿಟಕಿಯಿಂದ ಒಬ್ಬ ಹೆಂಗಸು ಕತ್ತು ಹೊರಳಿಸಿದಳು. ಅವರು ನನ್ನನ್ನು ಒಮ್ಮೆ ನೋಡಿದರು, ಅವನನ್ನು ಎರಡು ಸಲ ನೋಡಿದರು. ಅವನಿಗೆ ಅದು ಕಾಣಿಸಿತು. ಆದರೂ ಧ್ವನಿ ತಗ್ಗಿಸಲಿಲ್ಲ.